ತಡೆ ಹೋದರೆ ನಗುವೂ ಹೋಯಿತು

ಮೂಕಿ ಚಿತ್ರ ಅಂದರೆ ದಡಬಡ ಓಡುವ ಮನುಷ್ಯರು ಎಂದೇ ಊರಿನಲ್ಲಿ ನಮಗೆಲ್ಲ ರೂಢಿ. ಲಂಡನ್ನಿನಲ್ಲಿ ಲಿಟಲ್ ಟಿಚ್‌ನ ಬೂಟು ಕುಣಿತವನ್ನು ಸರಿಯಾದ ವೇಗದಲ್ಲಿ ನೋಡಿದಾಗ ಬೆರಗಾಯಿತು. ಮ್ಯೂಸಿಕ್ ಹಾಲ್ ಎಂಬ ಬ್ರಿಟನ್ನಿನ ಹಾಡು-ಹಾಸ್ಯದ ರಂಗಭೂಮಿಯ ಈ ಹಾಸ್ಯಗಾರನ ಎತ್ತರ ನಾಲ್ಕೂವರೆ ಅಡಿ, ಬೂಟಿನ ಉದ್ದ 28 ಇಂಚು. 1900ರ ಪ್ಯಾರಿಸ್ ವಸ್ತುಪ್ರದರ್ಶನಕ್ಕೆಂದು ಕ್ಲೆಮಾಂ-ಮೋರಿಸ್ ತೆಗೆದ ಫಿಲ್ಮಿನಲ್ಲಿ ಆತ ಹಿಮ್ಮಡಿ ಎತ್ತದೆ ಮುಂದಕ್ಕೆ ವಾಲುತ್ತಾನೆ, ಇನ್ನೇನು ಬಿದ್ದ ಅನ್ನುವಾಗ ಅಲ್ಲೇ ಒಂದು ಕ್ಷಣ ತಡೆಯುತ್ತಾನೆ, ಬೂಟಿನ ತುದಿಯ ಮೇಲೇ ಎದ್ದು ನಿಲ್ಲುತ್ತಾನೆ. ನಗು ಇರುವುದು ಆ ತಡೆಯಲ್ಲೇ.

ಆಗಿನ ಕ್ಯಾಮೆರಾ ಕೈಯಿಂದ ತಿರುಗಿಸುವಂಥದ್ದು; ಸೆಕೆಂಡಿಗೆ ಸುಮಾರು 16 ಫ್ರೇಮು, ಕೈ ಬದಲಾದಂತೆ ಹೆಚ್ಚುಕಮ್ಮಿ. ಅದನ್ನು ಮುಂದೆ ವಾಕ್ಚಿತ್ರಕ್ಕೆ ಬಂದ ವೇಗ 24ರಲ್ಲಿ ಓಡಿಸಿದರೆ ಮೂರು ನಿಮಿಷದ್ದು ಎರಡಕ್ಕೇ ಮುಗಿಯುತ್ತದೆ, ತಡೆ ಮಾಯ. ಒಂದು ಬಿಟ್ಟು ಒಂದು ಫ್ರೇಮನ್ನು ಎರಡೆರಡು ಸಲ ಪ್ರಿಂಟ್ ಹಾಕುವುದು ಹಳೆಯ ಉಪಾಯ. ವೇಗ ಸರಿಹೋದರೂ ಕುಣಿತ ಕುಂಟುತ್ತದೆ. ಮೂಲ ವೇಗ ತಿಳಿಯಲು ಬೀಳುವ ವಸ್ತುವನ್ನು ನೋಡಬೇಕು. ಒಂದು ಮೀಟರ್ ಬೀಳಲು 0.45 ಸೆಕೆಂಡ್: 16ರಲ್ಲಿ ತೆಗೆದಿದ್ದರೆ ಏಳು ಫ್ರೇಮು, 24ರಲ್ಲಾದರೆ ಹನ್ನೊಂದು. ಇಷ್ಟು ಎಣಿಸುವ ತಾಳ್ಮೆ ಬ್ರಿಟನ್ನಿನವರಿಗಿದೆ.

ನಮ್ಮಲ್ಲಿ? ಕಂಪನಿ ನಾಟಕದ ಅಷ್ಟು ದೊಡ್ಡ ಹಾಸ್ಯನಟ ಗುಬ್ಬಿ ವೀರಣ್ಣನವರು ಮೂಕಿ ಚಿತ್ರಗಳನ್ನೂ ತೆಗೆಸಿದ್ದರು. ಒನ್ಸ್ ಮೋರ್‌ಗಳ ಕಥೆ ಎಲ್ಲರ ಬಾಯಲ್ಲೂ ಇದೆ. ಅವರ ತಡೆ ಹೇಗಿತ್ತೆಂದು ತೋರಿಸುವ ರೀಲು ಎಲ್ಲಿ? 1934ರ ಮೊದಲ ಕನ್ನಡ ವಾಕ್ಚಿತ್ರದ್ದೇ ಒಂದು ಪ್ರತಿ ಉಳಿದಿಲ್ಲ. ಬೆಳ್ಳಿಯ ಆಸೆಗೆ ರೀಲು ಕರಗಿಸಿದ ದೇಶ ನಮ್ಮದು. ನನಗೆ ಇದು ಸಂಕಟ.

ನಮ್ಮ ಹವೆಯೂ ಕಾರಣ, ಒಪ್ಪಬೇಕು. ಆ ಕಾಲದ, ಬೇಗ ಬೆಂಕಿ ಹಿಡಿಯುವ ನೈಟ್ರೇಟ್ ಫಿಲ್ಮು ಸೆಖೆಯಲ್ಲಿ ಮಸುಕಾಗಿ, ಅಂಟಂಟಾಗಿ, ಕೊನೆಗೆ ಕಂದು ಪುಡಿಯಾಗುತ್ತದೆ. ಇಂಗ್ಲೆಂಡಿನ ಗೇಡನ್‌ನಲ್ಲಿರುವ ಬಿಎಫ್‌ಐ (ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್) ಉಗ್ರಾಣದಲ್ಲಿ ಮೈನಸ್ 5 ಡಿಗ್ರಿ, 35% ತೇವಾಂಶ. ಮಂಗಳೂರಿನ ಮಳೆಗಾಲದಲ್ಲಿ ಅದು ಸುಲಭವಲ್ಲ. ಬ್ರಿಟನ್ನಿನವರೂ ತಮ್ಮ ಮ್ಯೂಸಿಕ್ ಹಾಲ್‌ನ ಇನ್ನೊಬ್ಬ ಹಾಸ್ಯಗಾರ ಡ್ಯಾನ್ ಲೀನೋನ ಬಹುಪಾಲು ಫಿಲ್ಮುಗಳನ್ನು ಕಳೆದುಕೊಂಡವರೇ. ಅಲ್ಲಿನ ಹಳೆಯ ಚಿತ್ರ ತಯಾರಕರಾದ ಮಿಚೆಲ್ ಮತ್ತು ಕೆನ್ಯನ್ ಜೋಡಿಯ ಸುಮಾರು 800 ನೆಗೆಟಿವ್‌ಗಳು 1994ರಲ್ಲಿ ಬ್ಲ್ಯಾಕ್‌ಬರ್ನ್‌ನ ಅಂಗಡಿಯೊಂದರ ನೆಲಮಾಳಿಗೆಯಲ್ಲಿ ಸಿಕ್ಕಿದ್ದು ಬರೀ ಅದೃಷ್ಟ.

ಹಾಗಾಗಿ ಹಳೆಯ ಟೆಂಟ್ ಟಾಕೀಸಿನವರ ಅಟ್ಟ ನೋಡಿ. ಡಬ್ಬಿ ಸಿಕ್ಕರೆ ಬೆಂಕಿ, ಬೀಡಿ ದೂರವಿಡಿ. ಪ್ರೊಜೆಕ್ಟರಿಗೆ ಮಾತ್ರ ಹಾಕಬೇಡಿ. ಕುಗ್ಗಿದ ಫಿಲ್ಮಿನ ಅಂಚಿನ ತೂತು ಪ್ರೊಜೆಕ್ಟರಿನ ಚಕ್ರದ ಹಲ್ಲಿಗೆ ಕೂರದೆ ಹರಿದುಹೋಗುತ್ತದೆ. ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯಕ್ಕೆ ಮೊದಲು ತಿಳಿಸಿ.