ಒಂದು ಅಡುಗೆಮನೆ ದೃಶ್ಯಕ್ಕೆ ನಾಲ್ಕು ಡ್ರಾಫ್ಟ್

ಹೋದ ತಿಂಗಳು ಗಾಂಧಿನಗರದ ಒಂದು ಸಿನಿಮಾ ಆಫೀಸಿನಲ್ಲಿ ಕಥೆ ಹೇಳಿ ಬಂದೆ. ಚಾಮರಾಜಪೇಟೆಯ ಹಳೇ ಮನೆ. ಅಕ್ಕ ತಂಗಿ ಕೂತು ನೆನೆಸಿದ ಅವರೆಕಾಳು ಹಿತುಕುತ್ತಿದ್ದಾರೆ. ಮನೆ ಮಾರುವ ಮಾತೆತ್ತಲು ತಂಗಿ ಬಂದಿದ್ದಾಳೆ. ಎತ್ತುವುದಿಲ್ಲ. ಅಕ್ಕನಿಗೆ ಗೊತ್ತಾಗಿಬಿಡುತ್ತದೆ, ಅವಳ ಕೈ ನಿಲ್ಲುತ್ತದೆ.

ನಿರ್ಮಾಪಕರು ಮನಸ್ಸಿಟ್ಟು ಕೇಳಿದರು. ಆಮೇಲೆ, "ಚೆನ್ನಾಗಿದೆ. ಫೈಟಿಲ್ಲ, ಸಾಂಗಿಲ್ಲ, ಎರಡು ವಾರದಲ್ಲಿ ಬರೆದುಬಿಡಬಹುದು ಅಲ್ವಾ?" ಅಂದರು.

11 ವರ್ಷದಿಂದ ಬರೆಯುತ್ತಿದ್ದೇನೆ. ಹೊಟ್ಟೆಪಾಡಿಗೆ ಸೀರಿಯಲ್ ಸಂಭಾಷಣೆ. ಇಂಥ ಕಥೆಯಲ್ಲಿ ಮಾತು ಬರೆಯುವುದಕ್ಕಿಂತ ತೆಗೆಯುವುದಕ್ಕೇ ಜಾಸ್ತಿ ದಿನ ಬೇಕು. ಮೊದಲ ಡ್ರಾಫ್ಟಿನಲ್ಲಿ ತಂಗಿ ಎಲ್ಲ ಬಾಯಿಬಿಟ್ಟು ಹೇಳಿದ್ದಳು. ಎರಡನೆಯದರಲ್ಲಿ ಅತ್ತಳು. ಮೂರನೆಯದರಲ್ಲಿ "ಕೆಜಿ ಎಷ್ಟು ಕೊಟ್ಟೆ?" ಅಂತಷ್ಟೇ ಕೇಳಿದಳು. ಆಗ ಅವಳು ಯಾರು ಅಂತ ನನಗೆ ಗೊತ್ತಾಯಿತು.

'ತಿಥಿ' ಸಿನಿಮಾ ನೆನಪಿದೆಯಾ? ಈರೇಗೌಡರು ನಿರ್ದೇಶಕ ರಾಮ್ ರೆಡ್ಡಿ ಜೊತೆ ಸೇರಿ ಬರೆದಿದ್ದು. ಈರೇಗೌಡರು ಮಂಡ್ಯ ಕಡೆಯ ತಮ್ಮೂರಿನ ಜನರನ್ನು ಹತ್ತಿರದಿಂದ ಕಂಡವರು. ನಟಿಸಿದವರೂ ಆ ಸೀಮೆಯ ಜನರೇ. 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದ 'ಫಿಲ್ಮ್ ಮೇಕರ್ಸ್ ಆಫ್ ದ ಪ್ರೆಸೆಂಟ್' ವಿಭಾಗದಲ್ಲಿ ಗೋಲ್ಡನ್ ಲೆಪರ್ಡ್ ಪ್ರಶಸ್ತಿ ಬಂತು. ಅದರಲ್ಲಿ ಮುದುಕ ಗಡ್ಡಪ್ಪ ಸುಮ್ನೆ ನಡೆದುಕೊಂಡು ಹೋಗುವುದನ್ನು ನಾವು ಕಣ್ಣು ಕೀಳದೆ ನೋಡಿದೆವಲ್ಲ, ಅದು ಎರಡು ವಾರದಲ್ಲಿ ಕೈಗೆ ಬರುವಂಥದ್ದಲ್ಲ.

ನನ್ನ ಸಂಕಟ ದುಡ್ಡಿನದ್ದು. ನನಗೆ ಸಿಕ್ಕಿದ್ದೆಲ್ಲ ಒಂದೇ ಥರದ ಒಪ್ಪಂದ. ಒಂದಿಷ್ಟು ಅಡ್ವಾನ್ಸ್, ಬಾಕಿ ಶೂಟಿಂಗಿಗೆ ಪೂಜೆ ಮಾಡುವ ಮುಹೂರ್ತದ ದಿನ. ಮುಹೂರ್ತ ಆಗಲಿಲ್ಲ ಅಂದರೆ ಎಷ್ಟು ಡ್ರಾಫ್ಟ್ ಬರೆದಿದ್ದರೂ ಅಷ್ಟೇ. ಎರಡು ಸಲ ಹೀಗಾಗಿದೆ. 2012ರ ಕಾಪಿರೈಟ್ ತಿದ್ದುಪಡಿ ಪ್ರಕಾರ, ಥಿಯೇಟರ್ ಬಿಟ್ಟು ಟಿವಿ, ಒಟಿಟಿಯಂಥ ಕಡೆ ಸಿನಿಮಾ ಬಂದರೆ ಬರೆದವರಿಗೂ ರಾಯಲ್ಟಿಯಲ್ಲಿ ಪಾಲಿದೆ. ಅದನ್ನು ಬಿಟ್ಟುಕೊಡುತ್ತೇನೆ ಅಂತ ಸಹಿ ಹಾಕಿಸಿಕೊಳ್ಳುವ ಹಾಗಿಲ್ಲ. ಆದರೆ ನಾನು ಸಹಿ ಹಾಕಿದ ಯಾವ ಕಾಗದದಲ್ಲೂ ರಾಯಲ್ಟಿ ಪಾಲಿನ ಸಾಲೇ ಇರಲಿಲ್ಲ.

"ಸಣ್ಣ ಬಜೆಟ್ ಸಾರ್" ಅನ್ನುತ್ತಾರೆ. ಒಪ್ಪುತ್ತೇನೆ. ಆದರೆ ಸ್ಟಾರ್ ಇಲ್ಲದ, ಸೆಟ್ ಇಲ್ಲದ ಸಿನಿಮಾದಲ್ಲಿ ಬರವಣಿಗೆ ಬಿಟ್ಟರೆ ಇನ್ನೇನು ಉಳಿಯುತ್ತದೆ? ಒಂದೊಂದು ಡ್ರಾಫ್ಟಿಗೂ ಇಷ್ಟು ಅಂತ ಕೊಡಿ. ಕಡಿಮೆಯಾದರೂ ಪರವಾಗಿಲ್ಲ, ಬರೆದು ಕೊಟ್ಟ ದಿನ ಕೊಡಿ. ಹೊಸದಾಗಿ ಬರುವ ಹುಡುಗ ಹುಡುಗಿಯರು ಎರಡನೇ ಡ್ರಾಫ್ಟಿಗೇ ಕೈಚೆಲ್ಲುವುದನ್ನು ನೋಡಿದ್ದೇನೆ, ತುಂಬ ನೋವಾಗುತ್ತದೆ.

ಆ ಆಫೀಸಿನಿಂದ ಇನ್ನೂ ಫೋನ್ ಬಂದಿಲ್ಲ. ಭಾನುವಾರ ಗಾಂಧಿ ಬಜಾರಿನಿಂದ ಅವರೆಕಾಯಿ ತಂದು ದೊಡ್ಡಮ್ಮನ ಜೊತೆ ಹಿತುಕಲು ಕೂತೆ. ತೀರಿಹೋದ ದೊಡ್ಡಪ್ಪನ ಮಾತು ಬಂತು. ದೊಡ್ಡಮ್ಮ ಏನೂ ಹೇಳಲಿಲ್ಲ. ಕೈ ಮಾತ್ರ ಇನ್ನೂ ಜೋರಾಯಿತು. ನಾನು ಬರೆದಿದ್ದು ತಪ್ಪು. ಅಕ್ಕ ನಿಲ್ಲಿಸುವುದಿಲ್ಲ. ನಾಲ್ಕನೇ ಡ್ರಾಫ್ಟ್ ಶುರು ಮಾಡಿದ್ದೇನೆ.