ಪಾದಚಾರಿ ಮಾರ್ಗದ ಕಾಯಂ ನಿವಾಸಿಗಳು

ಜೋತುಬಿದ್ದ ಕೇಬಲ್‌ಗಳನ್ನು ತೆರವುಗೊಳಿಸಬೇಕೆಂದು ಇಂಟರ್‌ನೆಟ್ ಕಂಪನಿಗಳಿಗೆ ಬೆಂಗಳೂರಿನಲ್ಲಿ ಮತ್ತೊಂದು ಗಡುವು ವಿಧಿಸಲಾಗಿದೆ. ಹಿಂದಿನ ಗಡುವುಗಳು ಏನಾದವು ಎಂದು ಕೇಳುವುದು ಸಭ್ಯರ ಲಕ್ಷಣವಲ್ಲ. ಅವೂ ಯಾವುದೋ ಕಂಬದಲ್ಲಿ ಕೇಬಲ್ ಸುರುಳಿಗಳ ಜೊತೆಯಲ್ಲೇ ತೂಗಾಡುತ್ತಿರಬೇಕು. ಇಷ್ಟು ಕಾಳಜಿಯಿಂದ ತಲೆಯೆತ್ತಿ ನೋಡಿದ ಅಧಿಕಾರಿಗಳು ಒಂದು ಗಳಿಗೆ ತಲೆ ತಗ್ಗಿಸಿಯೂ ನೋಡಿದ್ದರೆ, ಪಾದಚಾರಿ ಮಾರ್ಗದ ನಟ್ಟನಡುವೆ ಗುಂಯ್‌ಗುಡುತ್ತ ನಿಂತಿರುವ ಬೂದು ಬಣ್ಣದ ವಿದ್ಯುತ್ ಪೆಟ್ಟಿಗೆಗಳು ಅವರ ಕಣ್ಣಿಗೆ ಬೀಳುತ್ತಿದ್ದವು. ಆದರೆ ಪೆಟ್ಟಿಗೆ ಸರ್ಕಾರಿ ಆಸ್ತಿ, ಅದಕ್ಕೆ ಗಡುವು ಕೊಡುವ ಧೈರ್ಯ ಯಾರಿಗಿದೆ?

ರಸ್ತೆಗಳ ಮಾನದಂಡ ರೂಪಿಸುವ ಭಾರತೀಯ ರಸ್ತೆ ಕಾಂಗ್ರೆಸ್ಸಿನ 2012ರ ಮಾರ್ಗಸೂಚಿಯ ಪ್ರಕಾರ ನಡೆಯುವವರಿಗೆ ಕನಿಷ್ಠ 1.8 ಮೀಟರ್ ಅಗಲದ, ಅಡೆತಡೆಯಿಲ್ಲದ ದಾರಿ ಬಿಡಬೇಕು. ನಮ್ಮಲ್ಲಿ ಆ ಅಳತೆಯನ್ನು ಗೌರವಿಸಿಯೇ ಪೆಟ್ಟಿಗೆಯನ್ನು ತಂದಿಟ್ಟಿದ್ದಾರೆ, ದಾರಿಯನ್ನು ಮಾತ್ರ ಬಿಟ್ಟಿಲ್ಲ. ನೆತ್ತಿಯ ಮೇಲಿನ ತಂತಿಗಳನ್ನು ನೆಲದಡಿಗೆ ಸೇರಿಸುವ ಯೋಜನೆ ಬಂದಾಗ ನಗರ ಸುಂದರವಾಗುತ್ತದೆಂದು ನಾವೆಲ್ಲ ಹಿಗ್ಗಿದ್ದೆವು. ತಂತಿ ನೆಲದೊಳಗೆ ಹೋದಂತೆಲ್ಲ ಅದಕ್ಕೆ ಬೇಕಾದ ಆರ್‌ಎಂಯು ಎಂಬ ಸ್ವಿಚ್ ಪೆಟ್ಟಿಗೆಗಳು, ಮನೆಗಳಿಗೆ ವಿದ್ಯುತ್ತು ಹಂಚುವ ಫೀಡರ್ ಪಿಲ್ಲರ್ ಎಂಬ ಪೆಟ್ಟಿಗೆಗಳು ನೆಲದ ಮೇಲಕ್ಕೆ ಬಂದು, ನಡೆಯುವವನು ರಸ್ತೆಗೆ ಇಳಿದ. ಪೆಟ್ಟಿಗೆಯ ಮೇಲಿನ ತಲೆಬುರುಡೆಯ ಚಿತ್ರವನ್ನು ಮನೆ ಬಾಡಿಗೆಯ ಜಾಹೀರಾತು ಮುಚ್ಚಿದೆ, ಅದರ ನೆರಳಿನಲ್ಲಿ ಎಳನೀರಿನ ರಾಶಿ ಇದೆ, ತೆರೆದ ಬಾಗಿಲನ್ನು ಯಾರೋ ಪುಣ್ಯಾತ್ಮರು ಹಳೆಯ ಕೇಬಲ್ ತುಂಡಿನಿಂದ ಬಿಗಿದು ಕಟ್ಟಿದ್ದಾರೆ. ಗಡುವಿನ ಅಡಿಯಲ್ಲಿ ಬರುವ ಕೇಬಲ್ ನಿಜವಾಗಿ ಉಪಯೋಗಕ್ಕೆ ಬಂದಿರುವುದು ಇಲ್ಲಿ ಮಾತ್ರ.

ಇನ್ನು ಆ ಗುಂಯ್‌ಗಾನದ ವಿಚಾರ. ದೂರು ಕೊಟ್ಟವರಿಗೆಲ್ಲ ಸಿಗುವ ಉತ್ತರ ಒಂದೇ: 'ಅದು ನಾರ್ಮಲ್ ಸಾರ್.' ಟ್ರಾನ್ಸ್‌ಫಾರ್ಮರ್ ಮಟ್ಟಿಗೆ ಈ ಉತ್ತರ ಶಾಸ್ತ್ರೋಕ್ತವಾಗಿಯೇ ಇದೆ. ನಮ್ಮ ವಿದ್ಯುತ್ತು ಸೆಕೆಂಡಿಗೆ 50 ಬಾರಿ ಆವರ್ತಿಸುತ್ತದೆ, ಟ್ರಾನ್ಸ್‌ಫಾರ್ಮರಿನೊಳಗಿನ ಉಕ್ಕಿನ ಹಾಳೆಗಳು ಪ್ರತಿ ಆವರ್ತನಕ್ಕೆ ಎರಡು ಬಾರಿ ಅತಿ ಸೂಕ್ಷ್ಮವಾಗಿ ಹಿಗ್ಗಿ ಕುಗ್ಗುತ್ತವೆ, ಆದ್ದರಿಂದ 100 ಹರ್ಟ್ಸ್‌ನ ನಾದ ಹೊರಡುತ್ತದೆ. ಸಂಗೀತ ಬಲ್ಲವರ ಲೆಕ್ಕದಲ್ಲಿ ಇದು ಐದು ಮನೆ ಶ್ರುತಿಗೆ ಒಂದು ಸ್ಥಾಯಿ ಕೆಳಗೆ ನಿಂತು, ಅದನ್ನೂ ಕೊಂಚ ಮೀರಿದ ಸ್ವರ. ರಾಮನವಮಿಯ ದಿನಗಳಲ್ಲಿ ಚಾಮರಾಜಪೇಟೆಯ ಕೋಟೆ ಪ್ರೌಢಶಾಲೆಯ ಮೈದಾನದ ಸಂಗೀತೋತ್ಸವಕ್ಕೆ ಹೋಗಲಾಗದ ರಸಿಕರು ತಮ್ಮ ಬೀದಿಯ ಟ್ರಾನ್ಸ್‌ಫಾರ್ಮರ್ ಕೆಳಗೆ ಚಾಪೆ ಹಾಸಿಕೊಂಡರೂ ಆದೀತು: ಟಿಕೆಟ್ಟಿಲ್ಲ, ವಿರಾಮವಿಲ್ಲ, ತಂಬೂರಿಯಂತೆ ನಡುವೆ ಶ್ರುತಿ ಸೇರಿಸುವ ಗೋಜೂ ಇಲ್ಲ, ಕರೆಂಟು ಹೋದಾಗ ಮಾತ್ರ ಕಛೇರಿ ಮುಗಿಯುತ್ತದೆ, ಆ ಸೌಕರ್ಯವನ್ನು ನಗರ ಆಗಾಗ ಒದಗಿಸುತ್ತಲೇ ಇರುತ್ತದೆ.

ತೊಂದರೆ ಏನೆಂದರೆ, ಫೀಡರ್ ಪಿಲ್ಲರಿನೊಳಗೆ ಟ್ರಾನ್ಸ್‌ಫಾರ್ಮರ್ ಇರುವುದಿಲ್ಲ. ಅಲ್ಲಿರುವುದು ಬಸ್‌ಬಾರ್ ಎಂಬ ಲೋಹದ ಪಟ್ಟಿ, ಫ್ಯೂಸು, ಕೇಬಲ್ಲಿನ ತುದಿಗಳು ಅಷ್ಟೆ, ಅವು ಹಾಡಬೇಕಾದ ಕಾರಣವಿಲ್ಲ. ಹಾಡುತ್ತಿವೆ, ಅದರಲ್ಲೂ ಚರಚರ ಎನ್ನುತ್ತಿವೆ, ಸುಟ್ಟ ವಾಸನೆ ಬರುತ್ತಿದೆ ಎಂದರೆ ಎಲ್ಲೋ ಜೋಡಣೆ ಸಡಿಲವಾಗಿದೆ, ಇಲ್ಲವೇ ನೀರು ಹೊಕ್ಕಿದೆ ಎಂದೇ ಅರ್ಥ. ಈ ವ್ಯತ್ಯಾಸ ಲೈನ್‌ಮನ್‌ಗೆ ಚೆನ್ನಾಗಿ ಗೊತ್ತು. ದೂರು ಬರೆದುಕೊಳ್ಳುವ ಕುರ್ಚಿಗೆ ಗೊತ್ತಿಲ್ಲ.

ಕಂಬದ ಮೇಲೆ ವಾಸಿಸುವ ಇನ್ನೊಂದು ಜೀವ, ಅಂದರೆ ಇಂಟರ್‌ನೆಟ್ ಕೇಬಲ್ಲಿನ ಸ್ವಭಾವ ಪೂರ್ತಿ ಬೇರೆ. ಮಿಲಿಮೀಟರಿನ ಎಂಟನೇ ಒಂದು ಭಾಗದಷ್ಟು ದಪ್ಪದ ಗಾಜಿನ ಎಳೆ, ಅದರೊಳಗೆ ಕಣ್ಣಿಗೆ ಕಾಣದ ಬೆಳಕು, ಸದ್ದು ಮೊದಲೇ ಇಲ್ಲ. ಒಂದು ಎಳೆಯ ಬೆಳಕನ್ನು 32 ಮನೆಗಳಿಗೆ ಹಂಚಬಲ್ಲ ಸ್ಪ್ಲಿಟರ್ ಎಂಬ ಪುಟ್ಟ ಸಾಧನಕ್ಕೆ ವಿದ್ಯುತ್ತೇ ಬೇಕಾಗಿಲ್ಲ. ಗಾಜಿನಲ್ಲಿರುವ ಕಲ್ಮಶವನ್ನು ತೆಗೆದರೆ ಬೆಳಕು ಬಹುದೂರ ಸಾಗಬಲ್ಲದು ಎಂದು 1966ರಲ್ಲಿ ವಾದಿಸಿದ ಚಾರ್ಲ್ಸ್ ಕಾವ್ ಅವರಿಗೆ 2009ರಲ್ಲಿ ನೊಬೆಲ್ ಬಂತು. ಅಷ್ಟು ಶುದ್ಧವಾದ ಗಾಜನ್ನು ನಾವು ಮಳೆಮರದ ಕೊಂಬೆಗೆ ಸುತ್ತಿ, ಮಿಕ್ಕಿದ್ದನ್ನು ಸುರುಳಿ ಮಾಡಿ ದಾರಿಹೋಕರ ಕೊರಳಿನ ಎತ್ತರಕ್ಕೆ ಇಳಿಬಿಟ್ಟಿದ್ದೇವೆ. ಗಾಜು ಶಾಕ್ ಹೊಡೆಯುವುದಿಲ್ಲ ನಿಜ. ಆದರೆ ಕೇಬಲ್ಲಿಗೆ ಆಧಾರವಾಗಿ ಕಟ್ಟುವ ಉಕ್ಕಿನ ತಂತಿ ಜೀವಂತ ವಿದ್ಯುತ್ ತಂತಿಗೆ ತಗುಲಿದರೆ ಅದಕ್ಕೆ ಇಂಥ ಸಂಯಮವಿರುವುದಿಲ್ಲ. ಗಡುವು ಮುಗಿದ ದಿನ ಸಿಬ್ಬಂದಿ ಬಂದು ಕತ್ತರಿಸುತ್ತಾರೆ, ಮನೆಮನೆಯ ಪೆಟ್ಟಿಗೆಯಲ್ಲಿ ಕೆಂಪು ದೀಪ ಮಿನುಗುತ್ತದೆ, ಮನೆಯಿಂದಲೇ ಕೆಲಸ ಮಾಡುವವರು ಹಾಹಾಕಾರ ಮಾಡುತ್ತಾರೆ, ರಾತ್ರಿ ಕಂಪನಿಯ ಹುಡುಗರು ಹೊಸ ಕೇಬಲ್ ಎಳೆಯುತ್ತಾರೆ. ಕತ್ತರಿಸಿದ ಹಳೆಯದು ಅಲ್ಲೇ ಬಿದ್ದಿರುತ್ತದೆ. ಅದನ್ನು ಎತ್ತಲು ಪ್ರತ್ಯೇಕ ಗಡುವು ಬೇಕು.

1905ರ ಆಗಸ್ಟ್‌ನಲ್ಲೇ ಶಿವನಸಮುದ್ರದ ವಿದ್ಯುತ್ತಿನಿಂದ ಬೀದಿದೀಪ ಹೊತ್ತಿಸಿಕೊಂಡ ನಗರ ನಮ್ಮದು ಎಂದು ಭಾಷಣಗಳಲ್ಲಿ ಕೇಳುತ್ತೇವೆ. ಆ ಅನುಭವವೆಲ್ಲ ಏನಾಯಿತು? 2022ರ ಮಾರ್ಚ್‌ನಲ್ಲಿ ಟ್ರಾನ್ಸ್‌ಫಾರ್ಮರ್ ಸಿಡಿದು, ಅದರ ಪಕ್ಕದಲ್ಲಿ ಸ್ಕೂಟರಿನಲ್ಲಿ ಸಾಗುತ್ತಿದ್ದ ತಂದೆ ಮತ್ತು ಮಗಳು ಸತ್ತರು. 2023ರ ನವೆಂಬರ್ 19ರ ಬೆಳಗಿನ ಜಾವ ವೈಟ್‌ಫೀಲ್ಡ್‌ನ ಹೋಪ್ ಫಾರ್ಮ್ ಬಳಿ ಪಾದಚಾರಿ ಮಾರ್ಗದಲ್ಲಿ ಬಿದ್ದಿದ್ದ ತಂತಿಯನ್ನು ತುಳಿದು 23 ವರ್ಷದ ತಾಯಿ ಮತ್ತು ಅವಳ ಒಂಬತ್ತು ತಿಂಗಳ ಮಗು ಸತ್ತರು. ಅಮಾನತು, ಪರಿಹಾರ, ತನಿಖೆ ಎಲ್ಲವೂ ಕ್ರಮವಾಗಿ ನಡೆದವು. ಇದರಲ್ಲಿ ತಮಾಷೆ ಮಾಡುವುದಕ್ಕೆ ಏನೂ ಇಲ್ಲ. ನಡೆದುಕೊಂಡು ಹೋಗುವುದಕ್ಕೆ ಜೀವ ಪಣವಿಡಬೇಕೆಂದು ಯಾವ ಕಾಯಿದೆಯಲ್ಲೂ ಬರೆದಿಲ್ಲ.

ಪೆಟ್ಟಿಗೆ ವಿದ್ಯುತ್ ಕಂಪನಿಯದು, ಅದು ನಿಂತ ಕಲ್ಲುಹಾಸು ಪಾಲಿಕೆಯದು, ಸುತ್ತಿಕೊಂಡ ಕೇಬಲ್ ಇಂಟರ್‌ನೆಟ್ ಕಂಪನಿಯದು, ಶಾಕ್ ಹೊಡೆದ ಮೇಲೆ ದೇಹ ಪೊಲೀಸರದು. 2025ರ ಸೆಪ್ಟೆಂಬರ್‌ನಿಂದ ಪಾಲಿಕೆಗಳೇ ಐದಾಗಿರುವುದರಿಂದ 'ನಮ್ಮ ವ್ಯಾಪ್ತಿಗೆ ಬರುವುದಿಲ್ಲ' ಎಂದು ಹೇಳುವ ಅವಕಾಶವೂ ಐದು ಪಟ್ಟು ಹಿಗ್ಗಿದೆ. ಇರಲಿ. ಪ್ರತಿ ಪೆಟ್ಟಿಗೆಗೆ ಒಂದು ಬಾಗಿಲು, ಬಾಗಿಲಿಗೆ ಒಂದು ಬೀಗ, ಬೀಗದ ಮೇಲೆ ಹೊಣೆ ಹೊತ್ತವರ ಫೋನ್ ನಂಬರ್: ಇಷ್ಟಕ್ಕೂ ಟೆಂಡರ್ ಬೇಕೆಂದರೆ ಕರೆಯಿರಿ, ಅದರಲ್ಲಿ ತಿನ್ನುವವರು ತಿನ್ನಲಿ, ಬೀಗವನ್ನಂತೂ ಹಾಕಿ.