ಮೇವೆದರ್ ಒಮ್ಮೆಯೂ ಸೋತಿಲ್ಲವೇ? ಒಂದು ಸ್ಪಷ್ಟನೆ

ಗೋಣಿಕೊಪ್ಪದ ನಮ್ಮ ವಾಟ್ಸಾಪ್ ಗುಂಪಿನಲ್ಲಿ ಅಮೆರಿಕದ ಬಾಕ್ಸರ್ ಮೇವೆದರ್ ಬಗ್ಗೆ ಒಂದು ಸಂದೇಶ ಸುತ್ತುತ್ತಿದೆ: 'ಫ್ಲಾಯ್ಡ್ ಮೇವೆದರ್ ಒಲಿಂಪಿಕ್ಸ್ ಚಿನ್ನ ಗೆದ್ದವರು, ಜೀವನದಲ್ಲಿ ಒಮ್ಮೆಯೂ ಸೋತಿಲ್ಲ.' ಎರಡೂ ತಪ್ಪು.

1996ರ ಅಟ್ಲಾಂಟಾದಲ್ಲಿ ಅವರಿಗೆ ಸಿಕ್ಕಿದ್ದು ಕಂಚು. 57 ಕೆಜಿ ವಿಭಾಗದ ಸೆಮಿಫೈನಲ್‌ನಲ್ಲಿ ಬಲ್ಗೇರಿಯಾದ ಸೆರಾಫಿಮ್ ಟೊಡೊರೊವ್ ಎದುರು ಸೋತರು. ಆ ತೀರ್ಪಿನ ಬಗ್ಗೆ ಜಗಳ ಇದ್ದೇ ಇತ್ತು. ಅಮೆರಿಕ ತಂಡ ದೂರು ಕೊಟ್ಟರೂ ಫಲಿತಾಂಶ ಬದಲಾಗಲಿಲ್ಲ. ಮರು ಪಂದ್ಯ ಆಗಿದ್ದರೆ ಮೇವೆದರ್ ಗೆಲ್ಲುತ್ತಿದ್ದರು ಅಂತ ನನಗೂ ಅನ್ನಿಸುತ್ತದೆ, ಆದರೆ ದಾಖಲೆ ದಾಖಲೆಯೇ ಅಲ್ವಾ?

ಸೋಲಿಲ್ಲದ್ದು ವೃತ್ತಿಪರ ಬಾಕ್ಸಿಂಗ್‌ನಲ್ಲಿ ಮಾತ್ರ: 50 ಪಂದ್ಯ, 50 ಗೆಲುವು. 2015ರಲ್ಲಿ ಫಿಲಿಪ್ಪೀನ್ಸ್‌ನ ಬಾಕ್ಸರ್ ಮ್ಯಾನಿ ಪ್ಯಾಕಿಯಾವೊ ಅವರನ್ನು ಮಣಿಸಿದ್ದು ವೆಲ್ಟರ್‌ವೇಟ್ ತೂಕ ವಿಭಾಗದಲ್ಲಿ, ಅಂದರೆ ಸುಮಾರು 66.7 ಕೆಜಿ ಮಿತಿಯಲ್ಲಿ. 2017ರ ನಂತರದ ಪ್ರದರ್ಶನ ಪಂದ್ಯಗಳು ಈ ಲೆಕ್ಕಕ್ಕಿಲ್ಲ.

ಹಾಕಿ ಸ್ಕೋರಿನಲ್ಲಿ ಒಂದು ಗೋಲು ತಪ್ಪಿದರೂ ಬಿಡದ ನಾವು, ಇದನ್ನು ಸುಮ್ನೆ ಫಾರ್ವರ್ಡ್ ಮಾಡಿಬಿಟ್ಟೆವು.